ಕೆಟ್ಟ ಸಾರಾಯಿಯ ವಾಸನೆ ಮುಚ್ಚಲು ಹುಟ್ಟಿದ ಜಿನ್

ವಿಸ್ಕಿಯ ರುಚಿ ಬಹುಪಾಲು ಬರುವುದು ಮರದ ಪೀಪಾಯಿಯಿಂದ. ವೈನ್‌ನ ರುಚಿ ದ್ರಾಕ್ಷಿಯಿಂದ. ರಮ್‌ಗೆ ಕಬ್ಬು, ಕಾಕಂಬಿ ಇದೆ. ಜಿನ್‌ಗೆ ಏನಿದೆ? ಅದರೊಳಗಿನ ಮದ್ಯಸಾರಕ್ಕೆ ಹೇಳಿಕೊಳ್ಳುವಂಥ ರುಚಿಯೇ ಇಲ್ಲ. ಗೋಧಿ, ಬಾರ್ಲಿ, ಮೆಕ್ಕೆಜೋಳ, ಕಾಕಂಬಿ, ಯಾವುದರಿಂದ ಮಾಡಿದರೂ ನಡೆಯುತ್ತದೆ. ಅದಕ್ಕೆ ಜುನಿಪರ್ ಕಾಯಿ, ಕೊತ್ತಂಬರಿ ಬೀಜ, ಕಿತ್ತಳೆ ಸಿಪ್ಪೆ, ಒಂದಷ್ಟು ಬೇರು ಹಾಕಿ ಮತ್ತೊಮ್ಮೆ ಭಟ್ಟಿ ಇಳಿಸಿದರೆ ಜಿನ್ ಆಯಿತು. ಪೀಪಾಯಿಯಲ್ಲಿ ವರ್ಷಗಟ್ಟಲೆ ಕಾಯುವ ಕೆಲಸವೂ ಇಲ್ಲ.

ಅಂದರೆ ಜಿನ್ ಹುಟ್ಟಿನಿಂದಲೇ ಒಂದು ಮಿಶ್ರಣ. ಭಟ್ಟಿಯವನು ಮೊದಲ ಸಲ ಬೆರೆಸುತ್ತಾನೆ, ಬಾರ್‌ಟೆಂಡರ್ ಎರಡನೇ ಸಲ. ಹಳೆಯ ಕಾಕ್‌ಟೇಲ್‌ಗಳ ಪಟ್ಟಿಯಲ್ಲಿ ಮತ್ತೆ ಮತ್ತೆ ಜಿನ್ ಕಾಣುವುದು ಇದೇ ಕಾರಣಕ್ಕೆ ಅಂತ ನನ್ನ ಅಭಿಪ್ರಾಯ. ಆದರೆ ಈ ಪರಿಮಳದ ಸಾಮಾನೆಲ್ಲ ಮೊದಲು ಒಳಗೆ ಬಂದದ್ದು ಚೆಂದಕ್ಕಾಗಿ ಅಂದುಕೊಳ್ಳಬೇಡಿ. ಕೆಟ್ಟದಾಗಿ ಇಳಿಸಿದ ಸಾರಾಯಿಯ ವಾಸನೆ ಮುಚ್ಚಲು ಬಂದದ್ದು. ಜಿನ್‌ನ ನಾನ್ನೂರು ವರ್ಷಗಳ ಕಥೆಯಲ್ಲಿ ಈ ಮುಚ್ಚುವ ಕೆಲಸ ಬೇರೆ ಬೇರೆ ವೇಷದಲ್ಲಿ ಬರುತ್ತಲೇ ಇರುತ್ತದೆ.

ಟರ್ಪೆಂಟೈನ್, ಸಕ್ಕರೆ ಮತ್ತು ಒಂದು ಬೆಕ್ಕು

ಜುನಿಪರ್ ತಂಪು ಸೀಮೆಗಳ ಪೊದೆ. ಎಲೆ ಸೂಜಿಯ ಹಾಗೆ ಚುಚ್ಚುತ್ತದೆ. ಅದರ ಕಾಯಿ ನೋಡಲು ಪುಟ್ಟ ನೀಲಿ ಹಣ್ಣಿನಂತಿದ್ದರೂ ಹಣ್ಣಲ್ಲ. ಪೈನ್ ಮರದಲ್ಲಿ ಬಿಡುವ ಗಟ್ಟಿ ಕಾಯಿಯ ಜಾತಿಯದು, ಇದರಲ್ಲಿ ಮಾತ್ರ ತಿರುಳು ತುಂಬಿರುತ್ತದೆ. ಮಾಗಲು ಎರಡು ಮೂರು ವರ್ಷ ಹಿಡಿಯುತ್ತದೆ. ಹಾಗಾಗಿ ಒಂದೇ ಕೊಂಬೆಯಲ್ಲಿ ಹಸಿರು ಕಾಯಿಯೂ ಇರುತ್ತದೆ, ಮಾಗಿದ ನೀಲಿ ಕಾಯಿಯೂ ಇರುತ್ತದೆ. ಕೊಯ್ಯುವವರು ಕೊಂಬೆಗೆ ಕೋಲಿನಿಂದ ಮೆಲ್ಲಗೆ ಬಡಿಯುತ್ತಾರೆ. ಮಾಗಿದ್ದು ಉದುರುತ್ತದೆ, ಹಸಿರು ಅಲ್ಲೇ ಉಳಿಯುತ್ತದೆ.

ಯುರೋಪಿನಲ್ಲಿ ಇದು ಬಹಳ ಹಿಂದಿನಿಂದ ಔಷಧಿ. ಹೊಟ್ಟೆನೋವಿಗೆ, ಮೂತ್ರದ ತೊಂದರೆಗೆ ಕೊಡುತ್ತಿದ್ದರು. ಪ್ಲೇಗ್ ಬಂದಾಗ ಮನೆಯೊಳಗೆ ಅದರ ಹೊಗೆ ಹಾಕುತ್ತಿದ್ದರು. ಈಗಿನ ನೆದರ್‌ಲೆಂಡ್ಸ್ ಮತ್ತು ಬೆಲ್ಜಿಯಂ ಇರುವ ಕಡೆ ಮಾಲ್ಟ್ ಮಾಡಿದ, ಅಂದರೆ ಮೊಳಕೆ ಬರಿಸಿ ಒಣಗಿಸಿದ ಧಾನ್ಯದಿಂದ ಸಾರಾಯಿ ಇಳಿಸಿ, ಅದಕ್ಕೆ ಜುನಿಪರ್ ಹಾಕಿ ಯೆನೇವರ್ ಎಂಬ ಪಾನೀಯ ಮಾಡಿದರು. ಜಿನ್‌ನ ಮೂಲ ಇದೇ. ಲೈಡನ್‌ನ ಪ್ರೊಫೆಸರ್ ಫ್ರಾನ್ಸಿಸ್ಕಸ್ ಸಿಲ್ವಿಯಸ್ ಇದನ್ನು ಕಂಡುಹಿಡಿದ ಅಂತ ಎಲ್ಲ ಕಡೆ ಬರೆದಿರುತ್ತಾರೆ. ಆತ ಹುಟ್ಟಿದ್ದು 1614ರಲ್ಲಿ. 1623ರ ಒಂದು ಇಂಗ್ಲಿಷ್ ನಾಟಕದಲ್ಲೇ ಈ ಪಾನೀಯದ ಹೆಸರು ಬಂದಿದೆ. ಆಗ ಪ್ರೊಫೆಸರ್ ಸಾಹೇಬರಿಗೆ ವಯಸ್ಸು ಒಂಬತ್ತು!

ಡಚ್ಚರ ಜೊತೆ ಯುದ್ಧಕ್ಕೆ ಹೋಗಿದ್ದ ಇಂಗ್ಲಿಷ್ ಸೈನಿಕರು ಇದರ ರುಚಿ ಹತ್ತಿಸಿಕೊಂಡು ಊರಿಗೆ ಮರಳಿದರು. ಮುಂದೆ 1689ರಲ್ಲಿ ಡಚ್ ರಾಜಕುಮಾರ ವಿಲಿಯಂ ಇಂಗ್ಲೆಂಡಿನ ಸಿಂಹಾಸನ ಹತ್ತಿದ. ಫ್ರಾನ್ಸ್ ಜೊತೆ ಅವನಿಗೆ ಹಗೆ. ಫ್ರೆಂಚ್ ಬ್ರಾಂದಿಗೆ ಬಾಗಿಲು ಮುಚ್ಚಿತು. 1690ರ ಕಾನೂನು ಇಂಗ್ಲೆಂಡಿನ ಧಾನ್ಯದಿಂದ ಸಾರಾಯಿ ಇಳಿಸಲು ಹೆಚ್ಚುಕಡಿಮೆ ಯಾರಿಗೆ ಬೇಕಾದರೂ ಅವಕಾಶ ಕೊಟ್ಟಿತು. ಜಮೀನುದಾರರಿಗೆ ಖುಷಿಯೋ ಖುಷಿ, ಉಳಿದ ಧಾನ್ಯಕ್ಕೆಲ್ಲ ಗಿರಾಕಿ ಸಿಕ್ಕಿತು. ಲಂಡನ್ನಿನ ಓಣಿ ಓಣಿಯಲ್ಲಿ, ಕಿರಾಣಿ ಅಂಗಡಿಯಲ್ಲಿ, ತಳ್ಳುಗಾಡಿಯಲ್ಲಿ ಜಿನ್ ಮಾರಾಟ ಶುರುವಾಯಿತು.

ಆ ಜಿನ್ ಹೇಗಿತ್ತು ಅಂತ ಸ್ವಲ್ಪ ನೋಡಬೇಕು. ಒರಟು ಸಾರಾಯಿ. ಜುನಿಪರ್ ದುಬಾರಿ ಅನ್ನಿಸಿದವರು ಟರ್ಪೆಂಟೈನ್ ಎಣ್ಣೆ ಬಳಸುತ್ತಿದ್ದರು, ಬಣ್ಣಕ್ಕೆ ಬೆರೆಸುತ್ತಾರಲ್ಲ, ಅದೇ. ಕೇಳಲು ಭಯಂಕರ. ಆದರೆ ಅದರ ಹಿಂದೆ ಒಂದು ಲೆಕ್ಕವಿದೆ. ಜುನಿಪರ್‌ನ ಘಮಕ್ಕೆ ಮುಖ್ಯ ಕಾರಣ ಆಲ್ಫಾ-ಪೈನೀನ್ ಎಂಬ ಪದಾರ್ಥ. ಪೈನ್ ಮರದ ಅಂಟಿನಿಂದ ತೆಗೆಯುವ ಟರ್ಪೆಂಟೈನ್‌ನಲ್ಲೂ ಮುಖ್ಯವಾಗಿ ಇರುವುದು ಅದೇ. ರಸಾಯನಶಾಸ್ತ್ರ ಗೊತ್ತಿಲ್ಲದ ಕಳ್ಳ ವ್ಯಾಪಾರಿ ಬರೀ ಮೂಗಿನಿಂದಲೇ ಇದನ್ನು ಪತ್ತೆಹಚ್ಚಿದ್ದ. ಖಾರ ಹತ್ತಲಿ ಅಂತ ಕೆಲವರು ಗಂಧಕಾಮ್ಲವನ್ನೂ ಸೇರಿಸುತ್ತಿದ್ದರು.

1720ರ ಆಸುಪಾಸಿನಿಂದ 1751ರವರೆಗೆ ಲಂಡನ್ ಈ ಅಮಲಿನಲ್ಲಿ ಮುಳುಗಿತ್ತು. ಸರ್ಕಾರ ಒಂದರ ಮೇಲೊಂದು ಕಾನೂನು ತಂದಿತು. 1736ರದು ಎಲ್ಲಕ್ಕಿಂತ ಬಿಗಿ: ಚಿಲ್ಲರೆ ಮಾರಾಟದ ಲೈಸೆನ್ಸ್‌ಗೆ ವರ್ಷಕ್ಕೆ 50 ಪೌಂಡ್, ಗ್ಯಾಲನ್‌ಗೆ 20 ಶಿಲ್ಲಿಂಗ್ ತೆರಿಗೆ, ಕದ್ದು ಮಾರುವವರ ಸುಳಿವು ಕೊಟ್ಟರೆ 5 ಪೌಂಡ್ ಬಹುಮಾನ. ಅಷ್ಟು ದುಡ್ಡು ಕೊಟ್ಟು ಲೈಸೆನ್ಸ್ ತೆಗೆದುಕೊಳ್ಳುವವರು ಯಾರು? ವ್ಯಾಪಾರ ಕತ್ತಲಿಗೆ ಸರಿಯಿತು.

ಡಡ್ಲಿ ಬ್ರಾಡ್‌ಸ್ಟ್ರೀಟ್ ಎಂಬಾತ ಕಾನೂನನ್ನು ಕೂತು ಓದಿದ. ಮಾರುವವನು ಯಾರು ಅಂತ ಗೊತ್ತಾಗದೆ ಕೇಸು ಹಾಕುವಂತಿಲ್ಲ, ಬಾಗಿಲು ಒಡೆದು ಒಳನುಗ್ಗುವ ಅಧಿಕಾರವೂ ಇಲ್ಲ. ಒಂದು ಮನೆ ಹಿಡಿದು, ಕಿಟಕಿಗೆ ಮರದ ಬೆಕ್ಕಿನ ಬೋರ್ಡು ಹೊಡೆದ. ಬೆಕ್ಕಿನ ಪಂಜದ ಕೆಳಗೆ ಸೀಸದ ಕೊಳವೆ. ಗಿರಾಕಿ ಬೀದಿಯಲ್ಲಿ ನಿಂತು ಬೆಕ್ಕಿನ ಬಾಯಿಗೆ ಎರಡು ಪೆನ್ನಿ ಹಾಕಬೇಕು, ಇಷ್ಟು ಜಿನ್ ಬೇಕು ಅಂತ ಬೆಕ್ಕಿಗೆ ಹೇಳಬೇಕು. ಒಳಗಿನಿಂದ ಬ್ರಾಡ್‌ಸ್ಟ್ರೀಟ್ ಕೊಳವೆಗೆ ಸುರಿಯುತ್ತಿದ್ದ. ಹೊರಗೆ ಲೋಟ, ಇಲ್ಲವೇ ನೇರ ಬಾಯಿ. ಮುಖ ಕಾಣದ ಬಾರ್‌ಟೆಂಡರ್! ಈ ಕಥೆ ಹೇಳಿಕೊಂಡಿರುವುದು ಅವನೇ, ಹಾಗಾಗಿ ಒಂದಿಷ್ಟು ಬಡಾಯಿ ಕಳೆದೇ ನಂಬಬೇಕು.

ನಗು ಬರುವ ಕಥೆ ಇದೊಂದೇ. ಉಳಿದದ್ದು ಹಸಿವು, ಸಾಲ, ಸತ್ತ ಕೂಸುಗಳು. ವಿಲಿಯಂ ಹೊಗಾರ್ತ್ 1751ರಲ್ಲಿ ಕೆತ್ತಿದ ಜಿನ್ ಓಣಿಯ ಚಿತ್ರದಲ್ಲಿ ಅಮಲೇರಿದ ತಾಯಿಯ ಕೈಯಿಂದ ಮಗು ಜಾರಿ ಬೀಳುತ್ತಿದೆ, ಅವಳಿಗೆ ಅದರ ಪರಿವೆಯೇ ಇಲ್ಲ. ಅದೇ ವರ್ಷದ ಕಾನೂನು ಭಟ್ಟಿಯವರು ಲೈಸೆನ್ಸ್ ಇಲ್ಲದವರಿಗೆ ಮಾರುವುದನ್ನು ತಡೆಯಿತು. ಸ್ವಲ್ಪ ಕೆಲಸ ಕಾನೂನು ಮಾಡಿತು. 1757ರಲ್ಲಿ ಬೆಳೆ ಕೆಟ್ಟು, ಧಾನ್ಯದಿಂದ ಸಾರಾಯಿ ಇಳಿಸುವುದನ್ನೇ ಕೆಲವು ವರ್ಷ ನಿಲ್ಲಿಸಿದ್ದರಿಂದ ಉಳಿದ ಕೆಲಸ ಆಯಿತು.

ಅಲ್ಲಿಂದ ಮುಂದೆ ಜಿನ್ ಸಿಹಿಯಾಯಿತು. ಒರಟುತನ ಮುಚ್ಚಲು ಈಗ ಸಕ್ಕರೆ ಬಂತು. ಈ ಸಿಹಿ ಜಿನ್‌ಗೆ ಓಲ್ಡ್ ಟಾಮ್ ಅಂತ ಹೆಸರು. ಇಂಗ್ಲಿಷಿನಲ್ಲಿ ಟಾಮ್ ಅಂದರೆ ಗಂಡು ಬೆಕ್ಕು. ಬ್ರಾಡ್‌ಸ್ಟ್ರೀಟ್‌ನ ಬೆಕ್ಕಿನಿಂದಲೇ ಆ ಹೆಸರು ಬಂತು ಅಂತ ಹೇಳುವವರಿದ್ದಾರೆ.

ನಿಜವಾದ ತಿರುವು ತಂದವನು ಒಬ್ಬ ಅಬಕಾರಿ ಅಧಿಕಾರಿ. ಐರ್ಲೆಂಡಿನ ಈನಿಯಸ್ ಕಾಫಿ ವರ್ಷಗಟ್ಟಲೆ ಕಳ್ಳಭಟ್ಟಿ ಹಿಡಿದು, ನೌಕರಿ ಬಿಟ್ಟು, 1830ರಲ್ಲಿ ತನ್ನದೇ ಭಟ್ಟಿಯೊಂದಕ್ಕೆ ಪೇಟೆಂಟ್ ಪಡೆದ. ಹಂಡೆಯ ಬದಲು ಎತ್ತರದ ಕಂಬ. ಒಳಗೆ ತೂತಿನ ತಟ್ಟೆಗಳು ಒಂದರ ಮೇಲೊಂದು. ಹುದುಗಿದ ಧಾನ್ಯದ ರಸ ಮೇಲಿನಿಂದ ಇಳಿಯುತ್ತದೆ, ಹಬೆ ಕೆಳಗಿನಿಂದ ಏರುತ್ತದೆ. ಪ್ರತಿ ತಟ್ಟೆಯಲ್ಲೂ ಒಂದು ಸಣ್ಣ ಭಟ್ಟಿ ನಡೆದ ಹಾಗೆ. ಹಂಡೆ ಇಳಿಸಿ, ತೊಳೆದು, ಮತ್ತೆ ತುಂಬುವ ರಗಳೆ ಇಲ್ಲ. ಕೊನೆಗೆ ಸಿಗುವುದು ಶೇ. 90 ದಾಟಿದ ಶುದ್ಧ ಮದ್ಯಸಾರ.

ಈಗ ಮುಚ್ಚಬೇಕಾದ ವಾಸನೆಯೇ ಉಳಿಯಲಿಲ್ಲ. ಸಕ್ಕರೆಯ ಕೆಲಸ ಮುಗಿಯಿತು, ಒಣ ರುಚಿಯ, ಅಂದರೆ ಸಿಹಿಯಿಲ್ಲದ ಲಂಡನ್ ಡ್ರೈ ಜಿನ್ ಬಂತು. ಜುನಿಪರ್ ಮಾತ್ರ ಹೋಗಲಿಲ್ಲ. ಅಷ್ಟು ಹೊತ್ತಿಗೆ ಜನರ ನಾಲಿಗೆಗೆ ಅದೇ ಜಿನ್ ಆಗಿತ್ತು.

ಹಂಡೆಯೊಳಗೆ ಏನಾಗುತ್ತದೆ

ಇಂದಿನ ಜಿನ್ ಕಾರ್ಖಾನೆಗಳು ಹೆಚ್ಚಾಗಿ ಮದ್ಯಸಾರವನ್ನು ತಾವೇ ಮಾಡುವುದಿಲ್ಲ. ಶೇ. 96ರಷ್ಟು ಶುದ್ಧವಾದದ್ದನ್ನು ಕೊಂಡು ತರುತ್ತಾರೆ. ಇದನ್ನು ಕೇಳಿ ಕೆಲವರಿಗೆ ಮೋಸ ಅನ್ನಿಸುತ್ತದೆ. ನನಗೇನೂ ಹಾಗನ್ನಿಸಿಲ್ಲ. ಜಿನ್ ಕಸುಬು ಶುರುವಾಗುವುದೇ ಅಲ್ಲಿಂದ ಮುಂದೆ.

ಮದ್ಯಸಾರಕ್ಕೆ ನೀರು ಸೇರಿಸಿ ತಾಮ್ರದ ಹಂಡೆಗೆ ತುಂಬುತ್ತಾರೆ. ಜುನಿಪರ್ ಮತ್ತು ಉಳಿದ ಸಾಮಾನನ್ನು ಅದರಲ್ಲೇ ನೆನೆಹಾಕುವುದು ಒಂದು ದಾರಿ. ಕೆಲವರು ಕೂಡಲೇ ಬೆಂಕಿ ಹಚ್ಚುತ್ತಾರೆ, ಬೀಫೀಟರ್ ಎಂಬ ಬ್ರಾಂಡ್‌ನವರು 24 ಗಂಟೆ ನೆನೆಸುತ್ತಾರೆ. ಇನ್ನೊಂದು ದಾರಿಯಲ್ಲಿ ಸಾಮಾನನ್ನು ಹಂಡೆಯ ಮೇಲೆ ಬುಟ್ಟಿಯಲ್ಲಿ ಇಡುತ್ತಾರೆ. ಆವಿ ಅದರ ನಡುವೆ ಹಾದು ಪರಿಮಳ ಎತ್ತಿಕೊಂಡು ಹೋಗುತ್ತದೆ. ಬಾಂಬೆ ಸಫೈರ್ ಮಾಡುವುದು ಹೀಗೆ. ನೆನೆಸಿದ್ದು ಸಾಮಾನ್ಯವಾಗಿ ದಟ್ಟ, ಆವಿಯದು ಹಗುರ.

ಮೊದಲು ತೊಟ್ಟಿಕ್ಕುವುದನ್ನು ತೆಗೆದಿಡುತ್ತಾರೆ, ಅದು ಬಾಟಲಿಗೆ ಹೋಗುವುದಿಲ್ಲ. ಆಮೇಲೆ ನಳಿಗೆಯ ಬಾಯಲ್ಲಿ ಬೆರಳು ಒದ್ದೆ ಮಾಡಿಕೊಂಡು ಮೂಗಿಗೆ ಹಿಡಿದರೆ ಸರದಿ ಗೊತ್ತಾಗುತ್ತದೆ. ನಿಂಬೆ, ಕಿತ್ತಳೆ ಸಿಪ್ಪೆಯ ಘಮ ಮುಂದೆ ಬರುತ್ತದೆ. ಜುನಿಪರ್ ಹಿಂದೆಯೇ ಬಂದು ತುಂಬ ಹೊತ್ತು ನಿಲ್ಲುತ್ತದೆ. ಕೊತ್ತಂಬರಿ ಬೀಜ ನಡುವೆ ಸೇರುತ್ತದೆ. ಬೇರು, ಚಕ್ಕೆಯ ಭಾರವಾದ ವಾಸನೆ ಕಡೆಗೆ. ಅದೂ ದಾಟಿದ ಮೇಲೆ ಬೇಯಿಸಿದ ಸೊಪ್ಪಿನ ಥರ ಒಂದು ಮಬ್ಬು ವಾಸನೆ ಶುರುವಾಗುತ್ತದೆ. ಅದು ಬರುವ ಮುಂಚೆ ನಿಲ್ಲಿಸಬೇಕು. ಸ್ವಲ್ಪ ಬೇಗ ನಿಲ್ಲಿಸಿದರೆ ಜಿನ್ ತೆಳು. ತಡವಾದರೆ ಮಣ್ಣುಮಣ್ಣು. ಮೀಟರ್‌ಗಳು ಎಷ್ಟೇ ಇರಲಿ, ಕೊನೆಯ ತೀರ್ಮಾನ ಮೂಗಿನದು.

ಸಾಮಾನಿನ ಪಟ್ಟಿಯನ್ನು ಬ್ರಾಂಡ್‌ಗಳು ಗುಟ್ಟು ಅನ್ನುತ್ತವೆ. ಆದರೆ ಜುನಿಪರ್, ಕೊತ್ತಂಬರಿ ಬೀಜ, ಏಂಜೆಲಿಕಾ ಬೇರು, ಈ ಮೂರು ಹೆಚ್ಚಿನ ಎಲ್ಲ ಜಿನ್‌ನಲ್ಲೂ ಇರುತ್ತವೆ. ಕೊತ್ತಂಬರಿ ಬೀಜ ಇಲ್ಲಿ ಮಸಾಲೆಗಿಂತ ಜಾಸ್ತಿ ನಿಂಬೆಯ ಕಡೆಗೆ ವಾಲುವ ಘಮ ಕೊಡುತ್ತದೆ, ಅದರಲ್ಲಿರುವ ಲಿನಲೂಲ್ ಕಾರಣ. ಚಕ್ಕೆ, ಏಲಕ್ಕಿ, ಅತಿಮಧುರ, ಬಾಲಮೆಣಸು ಹಾಕುವವರೂ ಇದ್ದಾರೆ. ನನಗೆ ಇಷ್ಟವಾದದ್ದು ಆರಿಸ್, ಐರಿಸ್ ಹೂವಿನ ಗಿಡದ ಗೆಡ್ಡೆ. ಕಿತ್ತ ಕೂಡಲೇ ಅದಕ್ಕೆ ವಾಸನೆಯೇ ಇರುವುದಿಲ್ಲ. ಒಣಗಿಸಿ ಕೆಲವು ವರ್ಷ ಇಟ್ಟರೆ ವಯೊಲೆಟ್ ಹೂವಿನ ಘಮ ಹುಟ್ಟುತ್ತದೆ. ಸುಗಂಧದ್ರವ್ಯ ಮಾಡುವವರೂ ಇದನ್ನೇ ಬಳಸುತ್ತಾರೆ.

ಇಳಿದು ಬಂದದ್ದರಲ್ಲಿ ಮದ್ಯಸಾರ ಶೇ. 80ರ ಆಸುಪಾಸು ಇರುತ್ತದೆ. ನೀರು ಬೆರೆಸಿ ಇಳಿಸಬೇಕು. ಯುರೋಪಿಯನ್ ಒಕ್ಕೂಟದಲ್ಲಿ ಜಿನ್ ಕನಿಷ್ಠ ಶೇ. 37.5 ಇರಬೇಕು, ಅಮೆರಿಕದಲ್ಲಿ ಶೇ. 40. ಎಣ್ಣೆಯಂಶ ತುಂಬ ಜಾಸ್ತಿ ಇದ್ದರೆ ನೀರು ಬಿದ್ದ ಕೂಡಲೇ ಹಾಲಿನಂತೆ ಮಬ್ಬಾಗುತ್ತದೆ. ಆ ಎಣ್ಣೆಗಳು ಮದ್ಯಸಾರದಲ್ಲಿ ಕರಗುತ್ತವೆ, ನೀರಿನಲ್ಲಿ ಕರಗುವುದಿಲ್ಲ. ಕುಡಿಯಲು ತೊಂದರೆಯಿಲ್ಲ, ನೋಡಲು ಚೆನ್ನಾಗಿರುವುದಿಲ್ಲ ಅಷ್ಟೇ.

ಬಾಟಲಿಯ ಮೇಲೆ ಲಂಡನ್ ಜಿನ್ ಅಂತ ಇದ್ದರೆ ಅದು ಊರಿನ ಮಾತಲ್ಲ, ವಿಧಾನದ ಮಾತು. ಪ್ರಪಂಚದ ಯಾವ ಮೂಲೆಯಲ್ಲೂ ಮಾಡಬಹುದು. ಪರಿಮಳವೆಲ್ಲ ಭಟ್ಟಿಯಲ್ಲೇ ಬರಬೇಕು. ಆಮೇಲೆ ಬಣ್ಣ, ಎಸೆನ್ಸ್ ಹಾಕುವಂತಿಲ್ಲ. ಸಕ್ಕರೆ ಲೀಟರಿಗೆ 0.1 ಗ್ರಾಂ ದಾಟುವಂತಿಲ್ಲ. ಹೆಂಡ್ರಿಕ್ಸ್‌ನವರು ಭಟ್ಟಿಯ ನಂತರ ಸೌತೆ ಮತ್ತು ಗುಲಾಬಿಯ ಸಾರ ಸೇರಿಸುತ್ತಾರೆ. ಒಳ್ಳೆಯ ಜಿನ್, ಆದರೆ ಲಂಡನ್ ಜಿನ್ ಅನ್ನಿಸಿಕೊಳ್ಳುವುದಿಲ್ಲ. ಎಲ್ಲ ಜಿನ್‌ನಲ್ಲೂ ಜುನಿಪರ್ ಮುಂದಿರಬೇಕು ಅನ್ನುವುದೂ ಕಾನೂನೇ. ಈಗಿನ ಕೆಲವು ಬಣ್ಣದ, ಹಣ್ಣಿನ ಜಿನ್ ಕುಡಿದರೆ ಆ ಕಾನೂನು ಓದಿದವರು ಯಾರೂ ಇಲ್ಲವೇನೋ ಅನ್ನಿಸುತ್ತದೆ. ಹಿಂದೆ ಜುನಿಪರ್ ಸಾರಾಯಿಯನ್ನು ಮುಚ್ಚುತ್ತಿತ್ತು, ಈಗ ಸ್ಟ್ರಾಬೆರಿ ಜುನಿಪರನ್ನು ಮುಚ್ಚುತ್ತಿದೆ.

ಐಸ್ ಬಂದ ಮೇಲೆ

ಕಾಕ್‌ಟೇಲ್ ಅಂದರೆ ಏನು ಅಂತ ಅಚ್ಚಿನಲ್ಲಿ ವಿವರಿಸಿದ್ದು 1806ರ ಮೇ 13ರಂದು, ನ್ಯೂಯಾರ್ಕ್ ರಾಜ್ಯದ ಹಡ್ಸನ್ ಎಂಬ ಊರಿನ ಪತ್ರಿಕೆಯಲ್ಲಿ. ಮದ್ಯ, ಸಕ್ಕರೆ, ನೀರು, ಬಿಟರ್ಸ್, ಇಷ್ಟೇ. ಬಿಟರ್ಸ್ ಅಂದರೆ ಬೇರು, ತೊಗಟೆಗಳನ್ನು ಮದ್ಯಸಾರದಲ್ಲಿ ನೆನೆಸಿ ತೆಗೆದ ಕಹಿ ಸಾರ. ಅದೂ ಔಷಧಿಯಾಗಿ ಹುಟ್ಟಿದ್ದೇ. ಆ ನಾಲ್ಕರ ಪಟ್ಟಿಯಲ್ಲಿ ಐಸ್ ಇಲ್ಲ, ಗಮನಿಸಿ.

ಐಸ್ ತಂದುಕೊಟ್ಟವನು ಬಾಸ್ಟನ್ನಿನ ಫ್ರೆಡರಿಕ್ ಟ್ಯೂಡರ್. ಚಳಿಗಾಲದಲ್ಲಿ ಹೆಪ್ಪುಗಟ್ಟಿದ ಕೆರೆಯಿಂದ ಐಸ್ ಕೊಯ್ದು, ಮರದ ಹೊಟ್ಟಿನಲ್ಲಿ ಮುಚ್ಚಿ, ಹಡಗಿನಲ್ಲಿ ಬಿಸಿಲಿನ ದೇಶಗಳಿಗೆ ಕಳಿಸುವ ವ್ಯಾಪಾರ ಅವನದು. ಜನ ಹುಚ್ಚ ಅಂದರು. 1833ರಲ್ಲಿ ಅವನ ಹಡಗು ನಾಲ್ಕು ತಿಂಗಳು ಸಮುದ್ರದಲ್ಲಿ ಸಾಗಿ ಕಲ್ಕತ್ತ ಮುಟ್ಟಿತು. ಹೊರಟಾಗ 180 ಟನ್ ಇದ್ದ ಐಸ್‌ನಲ್ಲಿ ಸುಮಾರು 100 ಟನ್ ಉಳಿದಿತ್ತು. ಇಂಥವನಿಗೆ ಅಮೆರಿಕದ ನಗರಗಳಿಗೆ ಅಗ್ಗದ ಐಸ್ ಮುಟ್ಟಿಸುವುದು ದೊಡ್ಡ ಮಾತೇ? ಐಸ್ ಕೈಗೆ ಸಿಕ್ಕಿದ ಮೇಲೆ ಅಲ್ಲಿನ ಬಾರ್‌ಗಳಲ್ಲಿ ಶೇಕರ್, ಜರಡಿ, ಉದ್ದ ಚಮಚ ಎಲ್ಲ ಬಂದವು. ಪಾನೀಯ ಬೆರೆಸುವುದು ಒಂದು ಕಸುಬಾಯಿತು. 1862ರಲ್ಲಿ ಜೆರ್ರಿ ಥಾಮಸ್ ಬಾರ್‌ಟೆಂಡರ್‌ಗಳಿಗೆಂದೇ ಪುಸ್ತಕ ಅಚ್ಚು ಹಾಕಿಸಿದ. ವಜ್ರದ ಪಿನ್ ಸಿಕ್ಕಿಸಿಕೊಂಡು ನಿಲ್ಲುತ್ತಿದ್ದ ಆಸಾಮಿ. ಉರಿಯುವ ವಿಸ್ಕಿಯನ್ನು ಒಂದು ಲೋಟದಿಂದ ಇನ್ನೊಂದಕ್ಕೆ ಎತ್ತರದಿಂದ ಸುರಿಯುವುದು ಅವನ ಹೆಸರಾಂತ ಆಟ.

ಇತ್ತ ಬ್ರಿಟಿಷರ ಸಾಮ್ರಾಜ್ಯದಲ್ಲಿ ಜಿನ್‌ಗೆ ಬೇರೆಯೇ ಕೆಲಸ ಸಿಕ್ಕಿತ್ತು. ಮಲೇರಿಯಾಕ್ಕೆ ಮದ್ದು ಸಿಂಕೋನಾ ಮರದ ತೊಗಟೆ. 1820ರಲ್ಲಿ ಪೆಲ್ಲೆಟಿಯೆ ಮತ್ತು ಕ್ಯಾವೆಂಟು ಎಂಬ ಇಬ್ಬರು ಫ್ರೆಂಚರು ಅದರಿಂದ ಕ್ವಿನೈನ್ ಬೇರ್ಪಡಿಸಿದರು. ವಿಪರೀತ ಕಹಿ. 1858ರಲ್ಲಿ ಎರಾಸ್ಮಸ್ ಬಾಂಡ್ ಲಂಡನ್ನಿನಲ್ಲಿ ಕ್ವಿನೈನ್ ಬೆರೆಸಿದ ಟಾನಿಕ್ ನೀರಿಗೆ ಪೇಟೆಂಟ್ ಪಡೆದ. ಕಹಿ ಸೋಡಾಕ್ಕೆ ಸಕ್ಕರೆ, ನಿಂಬೆ, ಜೊತೆಗೆ ಜಿನ್. ಕೆಟ್ಟ ರುಚಿ ಮುಚ್ಚುವ ಹಳೆಯ ಉದ್ಯೋಗಕ್ಕೇ ಜಿನ್ ಮತ್ತೆ ಸೇರಿಕೊಂಡಿತು. ಈಗಿನ ಟಾನಿಕ್ ಕುಡಿದು ಮಲೇರಿಯಾ ಓಡಿಸುತ್ತೇನೆ ಅನ್ನುವವರಿಗೆ ಒಂದು ಲೆಕ್ಕ: ಅಮೆರಿಕದ ನಿಯಮದಂತೆ ಅದರಲ್ಲಿ ಕ್ವಿನೈನ್ ಲೀಟರಿಗೆ ಸುಮಾರು 83 ಮಿಲಿಗ್ರಾಂ ದಾಟುವಂತಿಲ್ಲ. ಚಿಕಿತ್ಸೆಯ ಪ್ರಮಾಣ ಸಿಗಬೇಕಾದರೆ ದಿನಕ್ಕೆ 20 ಲೀಟರಿಗಿಂತ ಜಾಸ್ತಿ ಕುಡಿಯಬೇಕು. ನಂಜು ಇಲ್ಲದ ಒಂದು ಖುಷಿ ಮಾತ್ರ ಹೇಳಬಹುದು, ಅಲ್ಟ್ರಾವಯೊಲೆಟ್ ದೀಪದ ಕೆಳಗೆ ಹಿಡಿದರೆ ಟಾನಿಕ್ ನೀಲಿಯಾಗಿ ಹೊಳೆಯುತ್ತದೆ, ಅದು ಆ ಕ್ವಿನೈನ್‌ನದೇ ಹೊಳಪು.

ಅಮೆರಿಕದಲ್ಲಿ 1920ರಿಂದ 1933ರವರೆಗೆ ಪಾನನಿಷೇಧ. ಕದ್ದು ತಂದ ಕೈಗಾರಿಕಾ ಮದ್ಯಸಾರಕ್ಕೆ ಜುನಿಪರ್ ಎಣ್ಣೆ, ಗ್ಲಿಸರಿನ್, ನೀರು ಸೇರಿಸಿದರೆ ಬಾತ್‌ಟಬ್ ಜಿನ್. ಪೀಪಾಯಿ ಬೇಡ, ಕಾಯುವುದು ಬೇಡ, ಹಾಗಾಗಿ ಕಳ್ಳರಿಗೆ ಜಿನ್ನೇ ಸುಲಭ. ಕೈಗಾರಿಕಾ ಮದ್ಯಸಾರದಲ್ಲಿ ಕುಡಿಯಬಾರದೆಂದೇ ಮೆಥನಾಲ್‌ನಂಥ ವಿಷ ಬೆರೆಸಿರುತ್ತಿದ್ದರು. ಕುಡಿದು ಕಣ್ಣು ಕಳಕೊಂಡವರಿದ್ದಾರೆ, ಸತ್ತವರಿದ್ದಾರೆ. ಹಣ್ಣಿನ ರಸ, ಜೇನು, ಕ್ರೀಮ್ ಸುರಿದು ಆ ರುಚಿ ಮುಚ್ಚುವುದು ಆಗಿನ ಕಾಕ್‌ಟೇಲ್‌ಗಳ ಕೆಲಸವಾಗಿತ್ತು.

ಕೆಲಸ ಬಲ್ಲ ಬಾರ್‌ಟೆಂಡರ್‌ಗಳು ಅಟ್ಲಾಂಟಿಕ್ ದಾಟಿದರು. ಹ್ಯಾರಿ ಕ್ರ್ಯಾಡಕ್ ಲಂಡನ್ನಿನ ಸವಾಯ್ ಹೋಟೆಲಿನ ಅಮೆರಿಕನ್ ಬಾರ್ ಸೇರಿದ. ಅಲ್ಲಿ ಅವನಿಗಿಂತ ಮುಂಚೆಯೇ ಮುಖ್ಯಸ್ಥೆಯಾಗಿದ್ದವಳು ಏಡಾ ಕೋಲ್ಮನ್. 1903ರಿಂದ ಎರಡು ದಶಕಕ್ಕೂ ಹೆಚ್ಚು ಕಾಲ ಆ ಬಾರ್ ನಡೆಸಿದಳು. ದಣಿದು ಬಂದ ನಟ ಚಾರ್ಲ್ಸ್ ಹಾಟ್ರಿಗೆ ಅವಳು ಮಾಡಿಕೊಟ್ಟ ಹ್ಯಾಂಕಿ ಪ್ಯಾಂಕಿ ಇವತ್ತಿಗೂ ಚಾಲ್ತಿಯಲ್ಲಿದೆ: ಜಿನ್, ಸಿಹಿ ವರ್ಮುತ್ (ಗಿಡಮೂಲಿಕೆ ಹಾಕಿದ ವೈನ್), ಫರ್ನೆಟ್ ಎಂಬ ಕಹಿ ಮದ್ಯ ಒಂದು ಚೂರು. ಆ ಚೂರು ಕಹಿಯಲ್ಲೇ ಅದರ ಜೀವ ಇದೆ. ಇಲ್ಲಿ ಏನನ್ನೂ ಮುಚ್ಚುತ್ತಿಲ್ಲ, ಜಿನ್ ಎದುರಿಗೇ ನಿಂತಿದೆ. ಸುಮಾರು 1919ರಲ್ಲಿ ಫ್ಲಾರೆನ್ಸ್‌ನಲ್ಲಿ ಹುಟ್ಟಿದ ನೆಗ್ರೋನಿಯೂ ಅದೇ ಜಾತಿ. ಜಿನ್, ಕಂಪಾರಿ ಎಂಬ ಕಹಿ ಮದ್ಯ, ಸಿಹಿ ವರ್ಮುತ್, ಮೂರೂ ಸಮಪಾಲು.

ಬಾರ್‌ನ ಹಿಂದೆ

ಹೊರಗಿನಿಂದ ನೋಡುವವರಿಗೆ ಈ ಕೆಲಸ ಅಂದರೆ ಬಾಟಲಿ ತಿರುಗಿಸುವುದು. ಒಳಗಿನವರಿಗೆ ಇದು ಬಹುಪಾಲು ನೀರಿನ ಲೆಕ್ಕ.

ಐಸ್ ಪಾನೀಯವನ್ನು ತಣ್ಣಗೆ ಮಾಡುವುದು ಹೇಗೆ? ತಾನು ತಣ್ಣಗಿರುವುದರಿಂದ ಅಂತ ಎಲ್ಲರೂ ಹೇಳುತ್ತಾರೆ. ಅದು ಬಹಳ ಸಣ್ಣ ಪಾಲು. ಒಂದು ಗ್ರಾಂ ಐಸ್ ಒಂದು ಡಿಗ್ರಿ ಬಿಸಿಯಾಗಲು ಸುಮಾರು 2 ಜೂಲ್ ಶಾಖ ಸಾಕು. ಅದೇ ಒಂದು ಗ್ರಾಂ ಕರಗಲು 334 ಜೂಲ್ ಬೇಕು. ಆ ಶಾಖವನ್ನೆಲ್ಲ ಅದು ಪಾನೀಯದಿಂದ ಎಳೆದುಕೊಳ್ಳುತ್ತದೆ. ಅಂದರೆ ಕರಗಿದರಷ್ಟೇ ತಂಪು. ಐಸ್ ಕರಗಿ ಡ್ರಿಂಕ್ ಹಾಳಾಯ್ತು ಅನ್ನುತ್ತಾರಲ್ಲ, ಗ್ಲಾಸಿಗೆ ಬಂದ ಮೇಲೆ ಅದು ನಿಜ. ಶೇಕರ್ ಒಳಗೆ ಕರಗಲೇಬೇಕು. ಉಪ್ಪು ಹಾಕಿದ ಐಸ್ ಸೊನ್ನೆಗಿಂತ ಕೆಳಗಿಳಿಯುವುದು ಗೊತ್ತಲ್ವಾ, ಮದ್ಯಸಾರವೂ ಅದನ್ನೇ ಮಾಡುತ್ತದೆ. ಚೆನ್ನಾಗಿ ಕುಲುಕಿದ ಕಾಕ್‌ಟೇಲ್ ಮೈನಸ್ 5 ಡಿಗ್ರಿ ಸೆಲ್ಸಿಯಸ್‌ವರೆಗೂ ಹೋಗುತ್ತದೆ.

ಒಂದು ಮಾರ್ಟಿನಿ ತೆಗೆದುಕೊಳ್ಳೋಣ. ಶೇ. 43ರ ಜಿನ್ 60 ಮಿಲಿ, ಶೇ. 18ರ ಒಣ ವರ್ಮುತ್ 12 ಮಿಲಿ. ಬೆರೆಸಿದಾಗ 72 ಮಿಲಿ, ಮದ್ಯಸಾರ ಶೇ. 39ರ ಹತ್ತಿರ. ಐಸ್ ಹಾಕಿ ಚಮಚದಿಂದ ಸುತ್ತುತ್ತಾ ಹೋದರೆ ಸುಮಾರು 18 ಮಿಲಿ ನೀರು ಸೇರುತ್ತದೆ. ಈಗ 90 ಮಿಲಿ, ಶೇ. 31. ಗ್ಲಾಸಿನಲ್ಲಿ ಐದರಲ್ಲಿ ಒಂದು ಪಾಲು ನೀರು! ಮೆನುವಿನಲ್ಲಿ ಅದರ ಹೆಸರೇ ಇಲ್ಲ. ಜಿನ್ ಬಾಟಲಿಯನ್ನು ಫ್ರೀಜರ್‌ನಲ್ಲಿಟ್ಟು ನೇರ ಸುರಿದರೆ ತಂಪೇನೋ ಬರುತ್ತದೆ, ಈ ನೀರು ಬರುವುದಿಲ್ಲ. ಗಂಟಲು ಸುಡುವುದು ಅದಕ್ಕೇ. ಹಾಗೆ ಮಾಡುವವರು ನೀರನ್ನು ಅಳತೆ ಮಾಡಿ ಮೊದಲೇ ಸೇರಿಸಿಡುತ್ತಾರೆ.

ಕುಲುಕಬೇಕೋ, ಸುತ್ತಬೇಕೋ? ನಿಂಬೆ ರಸ, ಮೊಟ್ಟೆಯ ಬಿಳಿ, ಕ್ರೀಮ್ ಇದ್ದರೆ ಕುಲುಕುವುದು. ಗಾಳಿ ತುಂಬಬೇಕು, ನೊರೆ ಬರಬೇಕು. ಬರೀ ಮದ್ಯ, ವರ್ಮುತ್, ಬಿಟರ್ಸ್ ಇದ್ದರೆ ಸುತ್ತುವುದು. ಗಾಜಿನಷ್ಟು ತಿಳಿಯಾಗಿ, ನಾಲಿಗೆಗೆ ನುಣುಪಾಗಿ ಇರಬೇಕು. ಕುಲುಕುವವರು ಹನ್ನೆರಡು, ಹದಿನೈದು ಸೆಕೆಂಡಿನಲ್ಲಿ ಗುರಿ ಮುಟ್ಟುತ್ತಾರೆ, ಆಮೇಲೆ ಎಷ್ಟು ಕುಲುಕಿದರೂ ಹೆಚ್ಚೇನೂ ಬದಲಾಗುವುದಿಲ್ಲ. ಸುತ್ತುವುದು ನಿಧಾನ, ಕೆಲವು ಸೆಕೆಂಡು ಹೆಚ್ಚುಕಮ್ಮಿಯಾದರೂ ರುಚಿಯಲ್ಲಿ ಗೊತ್ತಾಗುತ್ತದೆ. ಈ ಕಾರಣಕ್ಕೆ ಹೊಸಬರ ಪರೀಕ್ಷೆ ಚಮಚದಲ್ಲೇ ಆಗುತ್ತದೆ. ಚಮಚದ ಬೆನ್ನು ಗ್ಲಾಸಿನ ಒಳಗೋಡೆಗೆ ತಾಗಿಕೊಂಡೇ ತಿರುಗಬೇಕು. ಐಸ್ ಕಟಕಟ ಅನ್ನಬಾರದು, ಎಲ್ಲ ತುಂಡೂ ಒಟ್ಟಿಗೆ ಸದ್ದಿಲ್ಲದೆ ಸುತ್ತಬೇಕು.

ಐಸ್ ಕೂಡ ಒಂದೇ ಥರ ಇರುವುದಿಲ್ಲ. ಬಕೆಟ್‌ನಲ್ಲಿ ಅರ್ಧ ಗಂಟೆ ನಿಂತ ಐಸ್‌ನ ಮೈಮೇಲೆ ನೀರು ಅಂಟಿರುತ್ತದೆ. ಆ ನೀರು ಪಾನೀಯವನ್ನು ತೆಳು ಮಾಡುತ್ತದೆ, ತಂಪು ಮಾಡುವುದಿಲ್ಲ. ಒಳ್ಳೆಯವರು ಮೊದಲು ಒಂದು ಸಲ ಬಸಿದು ನೀರು ಚೆಲ್ಲುತ್ತಾರೆ.

ಹುಳಿ ಸಿಹಿಯ ಕಾಕ್‌ಟೇಲ್‌ಗೆ ಒಂದು ಕೈ ಲೆಕ್ಕ ಇದೆ. ಜಿನ್ 60 ಮಿಲಿ, ನಿಂಬೆ ರಸ 22, ಸಕ್ಕರೆ ಪಾಕ 22. ಪಾಕ ಅಂದರೆ ಸಕ್ಕರೆ ಮತ್ತು ನೀರು ಸಮ ತೂಕ. ಇದರಲ್ಲಿ ಜಿನ್ 5 ಮಿಲಿ ಹೆಚ್ಚಾದರೆ ಹನ್ನೆರಡರಲ್ಲಿ ಒಂದು ಪಾಲು ತಪ್ಪು, ಬಹುಪಾಲು ಜನಕ್ಕೆ ಗೊತ್ತಾಗುವುದೇ ಇಲ್ಲ. ನಿಂಬೆ ರಸ 5 ಮಿಲಿ ಹೆಚ್ಚಾದರೆ ಕಾಲು ಪಾಲಿಗೆ ಹತ್ತಿರದ ತಪ್ಪು, ಮುಖ ಕಿವುಚಿಕೊಳ್ಳುತ್ತದೆ. ಬಾಟಲಿ ಬಗ್ಗಿಸಿ ಮನಸ್ಸಿನಲ್ಲೇ ಎಣಿಸಿ ಸುರಿಯುವವರು ನೋಡಲು ಚೆಂದ. ನಾನಂತೂ ಜಿಗರ್ ಎಂಬ ಪುಟ್ಟ ಅಳತೆ ಲೋಟದಲ್ಲಿ ಅಳೆಯುವವರ ಪಕ್ಷ. ಅನುಭವಿಗಳು ರಸ, ಪಾಕವನ್ನು ಮೊದಲು ಹಾಕಿ ಮದ್ಯವನ್ನು ಕೊನೆಗೆ ಹಾಕುತ್ತಾರೆ. ಅಳತೆ ತಪ್ಪಿದರೆ ಚೆಲ್ಲಬೇಕಾದದ್ದು ಅಗ್ಗದ ಸಾಮಾನು ಮಾತ್ರ.

ಕುಲುಕಿದ ಮೇಲೆ ಅವರು ಒಂದು ಸ್ಟ್ರಾ ಅದ್ದುತ್ತಾರೆ. ಮೇಲಿನ ತುದಿಗೆ ಬೆರಳು ಒತ್ತಿ ಎತ್ತಿದರೆ ನಾಲ್ಕಾರು ಹನಿ ಒಳಗೇ ನಿಲ್ಲುತ್ತವೆ. ರುಚಿ ನೋಡಿ ಸ್ಟ್ರಾ ಎಸೆಯುತ್ತಾರೆ. ಅದು ಪ್ರತಿದಿನ ಬೇಕು, ಏಕೆಂದರೆ ನಿಂಬೆ ಪ್ರತಿದಿನ ಒಂದೇ ಹುಳಿ ಇರುವುದಿಲ್ಲ. ಕಡೆಗೆ ನಿಂಬೆ ಸಿಪ್ಪೆಯ ಚೂರನ್ನು ಗ್ಲಾಸಿನ ಮೇಲೆ ಹಿಡಿದು, ಹೊರಮೈ ಕೆಳಗಾಗುವಂತೆ ಹಿಂಡುತ್ತಾರೆ. ಬೆಳಕಿಗೆ ಅಡ್ಡ ಹಿಡಿದರೆ ಎಣ್ಣೆಯ ಸಣ್ಣ ತುಂತುರು ಕಾಣುತ್ತದೆ. ತಣ್ಣಗಿನ ಪಾನೀಯದಿಂದ ಘಮ ಸುಲಭವಾಗಿ ಏಳುವುದಿಲ್ಲ. ಮೂಗಿಗೆ ಮೊದಲು ತಾಗುವುದು ಈ ಎಣ್ಣೆ. ಸಿಪ್ಪೆ ಸುಮ್ನೆ ಅಲಂಕಾರಕ್ಕೆ ಅಂತ ತೇಲಿಬಿಡುವವರಿಗೆ ಇದು ಯಾರೂ ಹೇಳಿಕೊಟ್ಟಿರುವುದಿಲ್ಲ.

ಈ ವಿದ್ಯೆ ನಡುವೆ ಒಮ್ಮೆ ಮರೆತುಹೋಗಿತ್ತು. ಇಪ್ಪತ್ತನೇ ಶತಮಾನದ ಕೊನೆಯ ಹೊತ್ತಿಗೆ ಹೆಚ್ಚಿನ ಬಾರ್‌ಗಳಲ್ಲಿ ತಾಜಾ ನಿಂಬೆ ಇರಲಿಲ್ಲ, ಪುಡಿಯಿಂದ ಮಾಡಿದ ಹುಳಿ ನೀರು ಇತ್ತು. ನ್ಯೂಯಾರ್ಕಿನ ರೇನ್‌ಬೋ ರೂಮ್‌ನಲ್ಲಿ 1980ರ ದಶಕದ ಕೊನೆಗೆ ಡೇಲ್ ಡಿಗ್ರಾಫ್ ಮತ್ತೆ ತಾಜಾ ರಸ ಹಿಂಡತೊಡಗಿದ. ಲಂಡನ್ನಿನಲ್ಲಿ ಡಿಕ್ ಬ್ರಾಡ್‌ಸೆಲ್ ಜಿನ್, ನಿಂಬೆ, ಬ್ಲ್ಯಾಕ್‌ಬೆರಿ ಲಿಕ್ಯೂರ್ (ಹಣ್ಣಿನ ಸಿಹಿ ಮದ್ಯ) ಸೇರಿಸಿ ಬ್ರ್ಯಾಂಬಲ್ ಮಾಡಿದ. ಜಿನ್ ಮಾಡುವ ಕಡೆಯೂ ಬಾಗಿಲು ತೆರೆಯಿತು. ಬ್ರಿಟನ್ನಿನಲ್ಲಿ 1800 ಲೀಟರಿಗಿಂತ ಸಣ್ಣ ಹಂಡೆಗೆ ಲೈಸೆನ್ಸ್ ಸಿಗುತ್ತಿರಲಿಲ್ಲ. ಸಿಪ್‌ಸ್ಮಿತ್ ಎಂಬ ಕಂಪನಿ ಪಟ್ಟು ಹಿಡಿದು 2009ರಲ್ಲಿ ಪಡೆದ ಮೇಲೆ ಸಣ್ಣ ಸಣ್ಣ ಭಟ್ಟಿಗಳು ಸಾಲಾಗಿ ಬಂದವು.

ಇಷ್ಟೆಲ್ಲ ಆದ ಮೇಲೂ ವರ್ಮುತ್ ವಿಷಯದಲ್ಲಿ ತುಂಬ ಬಾರ್‌ಗಳು ಎಡವುತ್ತವೆ. ಅದು ಗಿಡಮೂಲಿಕೆ ಹಾಕಿ ಸ್ವಲ್ಪ ಮದ್ಯಸಾರ ಸೇರಿಸಿದ ವೈನ್. ಮುಚ್ಚಳ ತೆಗೆದ ಮೇಲೆ ಫ್ರಿಜ್‌ನಲ್ಲಿಡಬೇಕು, ಕೆಲವು ವಾರಗಳಲ್ಲಿ ಮುಗಿಸಬೇಕು. ಹೊರಗೆ ಬಿಟ್ಟರೆ ಸಪ್ಪೆಯಾಗಿ, ಆಮೇಲೆ ಹುಳಿ ಹುಳಿಯಾಗುತ್ತದೆ. ಮಾರ್ಟಿನಿಯಲ್ಲಿ ವರ್ಮುತ್ ಎಷ್ಟು ಕಡಿಮೆಯೋ ಅಷ್ಟು ಒಳ್ಳೆಯದು ಅನ್ನುವವರಲ್ಲಿ ಅರ್ಧ ಜನ ಕೆಟ್ಟ ವರ್ಮುತ್ ಕುಡಿದವರೇ ಇರಬೇಕು. ನೀವು ಮಾರ್ಟಿನಿ ಹೇಳುವ ಮುಂಚೆ ಆ ಬಾಟಲಿ ಎಲ್ಲಿದೆ ನೋಡಿ. ಫ್ರಿಜ್‌ನಿಂದ ತೆಗೆದರೆ ಧೈರ್ಯವಾಗಿ ಹೇಳಿ. ಕಪಾಟಿನ ಮೇಲಿಂದ, ಧೂಳು ಒರೆಸಿ ತೆಗೆದರೆ ಜಿನ್ ಟಾನಿಕ್ ಸಾಕು.